ಅತ್ತೆಯ ಹುಟ್ಟುಹಬ್ಬಕ್ಕೆ ಒಂದು ಓಲೆ



ಎರಡು ತಿಂಗಳ ಹಿಂದೆ ನ್ಯಾಮತಿಯ ಓದುಗಳೊಬ್ಬಳಿಂದ ನಮಗೊಂದು ಪತ್ರ ಬಂದಿತು. ಚನ್ನಗಿರಿಗೆ ಕೊಟ್ಟಿರುವ ಆಕೆಯ ಸೋದರತ್ತೆಗೆ ಬರುವ ಕಾರ್ತಿಕದಲ್ಲಿ ಅರವತ್ತು ತುಂಬುತ್ತದೆಯಂತೆ. “ಗುರುಗಳೆ, ನಮಗೆ ಅತ್ತೆಯೆಂದರೆ ಪ್ರಾಣ. ಮೊಬೈಲಿನಲ್ಲಿ ಬರುವ ಶುಭಾಶಯಗಳೆಲ್ಲ ಒಂದೇ ತೆರನಾಗಿವೆ. ಮನಮುಟ್ಟುವಂತಹ ನಾಲ್ಕು ಸಾಲುಗಳನ್ನು ಒಳ್ಳೆಯ ಕನ್ನಡದಲ್ಲಿ ತಾವು ಬರೆದುಕೊಡಬೇಕು” ಎಂದು ಆಕೆ ಕೇಳಿದ್ದಳು.

ಮಠದಲ್ಲಿ ಓದಿದವರೆಂಬ ಕಾರಣಕ್ಕೆ ಜನರು ನಮ್ಮಿಂದ ಇಂತಹವನ್ನು ಬರೆಸಿಕೊಳ್ಳುವುದು ಹೊಸದಲ್ಲ. ಮದುವೆಯ ಕರೆಯೋಲೆ, ಗೃಹಪ್ರವೇಶದ ಆಮಂತ್ರಣ, ನಿವೃತ್ತರಾದ ಮೇಷ್ಟರ ಬಿನ್ನವತ್ತಳೆ, ಶಿವಗಣಾರಾಧನೆಯ ಪತ್ರಿಕೆ ಎಲ್ಲವನ್ನೂ ಬರೆದಿದ್ದೇವೆ. ಆದರೆ ಈ ಪತ್ರಕ್ಕೆ ಉತ್ತರಿಸಲು ಕೈ ಓಡಲಿಲ್ಲ. ತಡವಾದುದಕ್ಕೆ ಕ್ಷಮೆ ಕೋರಿ, ಅದರ ಕಾರಣವನ್ನು ಎಲ್ಲ ಓದುಗರ ಮುಂದೆಯೇ ಇಡುತ್ತಿದ್ದೇವೆ.

ಈಗಿನ ಮಕ್ಕಳು ಎಲ್ಲರನ್ನೂ ‘ಆಂಟಿ’ ಎಂಬ ಒಂದೇ ಮಾತಿನಲ್ಲಿ ಮುಗಿಸುತ್ತಾರೆ. ನಮ್ಮ ನುಡಿಯಲ್ಲಿ ದೊಡ್ಡಮ್ಮ ಬೇರೆ, ಚಿಕ್ಕಮ್ಮ ಬೇರೆ, ಅತ್ತೆ ಬೇರೆ. ದೊಡ್ಡಮ್ಮ ಚಿಕ್ಕಮ್ಮಂದಿರ ಹೆಸರಿನಲ್ಲಿ ಅಮ್ಮನಿದ್ದಾಳೆ. ಸೋದರತ್ತೆ ತಾಯಿಯ ಸ್ಥಾನದವಳಲ್ಲ, ತಂದೆಯ ಒಡಹುಟ್ಟು. ನಾವು ಹುಟ್ಟುವ ಮೊದಲೇ ನಮ್ಮ ಮನೆಯ ಪಡಸಾಲೆಯಲ್ಲಿ ಆಡಿ ಬೆಳೆದವಳು, ನಾವು ಕಣ್ಣು ಬಿಡುವ ಹೊತ್ತಿಗೆ ‘ಕೊಟ್ಟ ಹೆಣ್ಣು’ ಎನಿಸಿಕೊಂಡವಳು.

ಆದರೂ ಮಗುವಿಗೆ ಹೆಸರಿಡುವ ದಿನ ಆಕೆಯೇ ಬರಬೇಕು. ತೊಟ್ಟಿಲಿಗೆ ಬಾಗಿ ಮಗುವಿನ ಕಿವಿಯಲ್ಲಿ ಹೆಸರನ್ನು ಉಸುರುವ ಅಧಿಕಾರ ಸೋದರತ್ತೆಯದು. ಉಸುರಿದೊಡನೆ ನೆರೆದ ಹೆಂಗಸರು ನಗುನಗುತ್ತ ಆಕೆಯ ಬೆನ್ನಿಗೆ ಗುದ್ದುತ್ತಾರೆ. ಹೆಸರಿಟ್ಟುದಕ್ಕೆ ಸಿಗುವ ಮೊದಲ ಉಡುಗೊರೆ ಅದೇ! ಹೀಗೆ ಈ ಲೋಕದಲ್ಲಿ ನಮ್ಮನ್ನು ಹೆಸರು ಹಿಡಿದು ಮೊದಲು ಕರೆದವಳು ಅತ್ತೆ. ಆಕೆಯ ಹೆಸರನ್ನು ಕರೆಯುವವರು ಮಾತ್ರ ವರುಷ ಕಳೆದಂತೆ ಒಬ್ಬೊಬ್ಬರಾಗಿ ಇಲ್ಲವಾಗುತ್ತಾರೆ. ಗಂಡನ ಮನೆಯಲ್ಲಿ ಆಕೆ ಸೊಸೆ, ಅತ್ತಿಗೆ, ಅವ್ವ, ಅಜ್ಜಿ, ತವರಿನಲ್ಲಿ ಅತ್ತೆ. ಹೆಸರು ಉಳಿಯುವುದು ಪಡಿತರ ಚೀಟಿಯಲ್ಲಿ.

ಇದು ನಮ್ಮ ಸೀಮೆಗೆ ಒಪ್ಪುವ ಮಾತಲ್ಲ. ಪತ್ರ ಬರೆದವಳ ಅತ್ತೆಯಿರುವ ಚನ್ನಗಿರಿ, ಕೆಳದಿಯ ರಾಣಿ ಚೆನ್ನಮ್ಮಾಜಿಯ ಹೆಸರನ್ನು ಹೊತ್ತ ಊರು. ಅದೇ ತಾಲ್ಲೂಕಿನ ಶಾಂತಿಸಾಗರವನ್ನು ಕಟ್ಟಿಸಿದವಳು ಶಾಂತವ್ವೆಯೆಂದು ಜನಪದರು ಇಂದಿಗೂ ಹೇಳುತ್ತಾರೆ. ನೆರೆಯ ತರೀಕೆರೆ ಸೀಮೆಯಲ್ಲಿ ಐಕ್ಯಳಾದಳೆಂದು ಸಂಪ್ರದಾಯ ಹೇಳುವ ಅಕ್ಕನಾಗಮ್ಮ, ಬಸವಣ್ಣನವರ ಅಕ್ಕ. ಬಸವಣ್ಣನವರ ಮಗನಿಗೆ ಸೋದರತ್ತೆ. 12ನೆಯ ಶತಮಾನದಲ್ಲಿ ಕಲ್ಯಾಣ ಚೆದುರಿದಾಗ ಮಗ ಚೆನ್ನಬಸವಣ್ಣನೊಡನೆ, ಶರಣರೊಡನೆ ಉಳವಿಯ ಕಡೆಗೆ ನಡೆದ ಆಕೆಯನ್ನು ನಮ್ಮವರು ಹೆಸರು ಹಿಡಿದೇ ನೆನೆಯುತ್ತಾರೆ. ತಮ್ಮನ ಮನೆಯ ಕಷ್ಟಕ್ಕೆ ನಿಂತವಳನ್ನು ಹೊರಗಿನವಳೆಂದು ಯಾರೂ ಕರೆಯಲಿಲ್ಲ.

ಈಗ ನಮ್ಮ ಮನೆಯ ಮಾತು.

ನಮ್ಮದು ಹೊನ್ನಾಳಿ ತಾಲ್ಲೂಕಿನಲ್ಲಿ ತುಂಗಭದ್ರೆಯ ದಂಡೆಯ ಹಳ್ಳಿ. ನಮ್ಮ ಸೋದರತ್ತೆಯನ್ನು ಕೊಟ್ಟಿದ್ದು ಜಗಳೂರು ತಾಲ್ಲೂಕಿಗೆ. ಆಗ ಹೊನ್ನಾಳಿ ಶಿವಮೊಗ್ಗ ಜಿಲ್ಲೆಯಲ್ಲಿತ್ತು, ಜಗಳೂರು ಚಿತ್ರದುರ್ಗ ಜಿಲ್ಲೆಯಲ್ಲಿ. ಎರಡೂ ದಾವಣಗೆರೆ ಜಿಲ್ಲೆಗೆ ಸೇರಿದ್ದು 1997ರಲ್ಲಿ. ಹೊಳೆಯಲ್ಲಿ ಈಜಿ ಬೆಳೆದ ಹುಡುಗಿ ಒಂದು ಕೊಡ ನೀರಿಗೆ ದೂರ ನಡೆಯುವ ಬರದ ನೆಲವನ್ನು ಸೇರಿದರು. ನಾವು ಹನ್ನೊಂದರ ಪ್ರಾಯದಲ್ಲಿ ಮಠ ಸೇರಿದಾಗ, ಅತ್ತೆ ಬಸ್ಸಿನ ಕಂಡಕ್ಟರರ ಕೈಯಲ್ಲಿ ಬಟ್ಟೆಯ ಗಂಟೊಂದನ್ನು ಕಳುಹಿಸುತ್ತಿದ್ದರು. ಅದರೊಳಗೆ ಜೋಳದ ರೊಟ್ಟಿ, ಶೇಂಗಾ ಚಟ್ನಿಪುಡಿ. ಬಟ್ಟೆಯ ಮೂಲೆಯಲ್ಲಿ ಬಿಗಿದು ಕಟ್ಟಿದ ಒಂದು ರೂಪಾಯಿಯ ನೋಟು. ಆ ರೂಪಾಯಿ ಅವರಿಗೆ ಎಲ್ಲಿಂದ ಬರುತ್ತಿತ್ತೆಂದು ನಾವು ಕೇಳಲಿಲ್ಲ.

ಸುಮಾರು ನಲವತ್ತು ವರ್ಷಗಳ ಹಿಂದೆ ನಮ್ಮ ಅಜ್ಜ ಲಿಂಗೈಕ್ಯರಾದರು. ಜಮೀನಿನ ಪಾಲುಪಟ್ಟಿಗೆ ಮೊದಲು ಅತ್ತೆಯಿಂದ ಹಕ್ಕುಬಿಡುಗಡೆ ಪತ್ರವನ್ನು ಬರೆಸಿಕೊಳ್ಳಬೇಕೆಂದು ಹಿರಿಯರು ನಿಶ್ಚಯಿಸಿದರು. 1956ರ ಹಿಂದೂ ಉತ್ತರಾಧಿಕಾರ ಕಾಯಿದೆಯು ಆಗಲೇ ತಂದೆಯ ಪಾಲಿನಲ್ಲಿ ಮಗಳಿಗೂ ಹಕ್ಕು ಕೊಟ್ಟಿತ್ತು. (ಪಿತ್ರಾರ್ಜಿತದಲ್ಲಿ ಹುಟ್ಟಿನಿಂದಲೇ ಮಗನಿಗೆ ಸರಿಸಮನಾದ ಹಕ್ಕನ್ನು ದೇಶಕ್ಕೆಲ್ಲ ತಂದುದು 2005ರ ತಿದ್ದುಪಡಿ.) ಅಕ್ಷರ ದುಂಡಗಿದೆಯೆಂದು ಆ ಪತ್ರದ ಕರಡನ್ನು ನಮ್ಮಿಂದಲೇ ಬರೆಸಿದರು. ‘ಯಾರ ಒತ್ತಾಯವೂ ಇಲ್ಲದೆ, ಸಂತೋಷದಿಂದ’ ಎಂಬ ಮಾತುಗಳನ್ನು ಬರೆದ ಕೈ ನಮ್ಮದು. ಅತ್ತೆ ಓದಿಸಿ ಕೇಳಿದರು. ಸಹಿ ಮಾಡಿದರು. ಬಳಿಕ ಒಂದೇ ಮಾತನ್ನು ಹೇಳಿದರು: “ಪಂಚಮಿಗೆ ಕರಿಯೋದು ಮಾತ್ರ ಬಿಡಬ್ಯಾಡ್ರಪ್ಪ.”

ತಂದೆಯವರು ಇರುವವರೆಗೆ ನಾಗರ ಪಂಚಮಿಗೆ ತಪ್ಪದೆ ಹೋಗಿ ತಂಗಿಯನ್ನು ಕರೆತಂದರು. ಅವರ ನಂತರ ನಾವು ಕೆಲವು ವರ್ಷ ಹೋದೆವು. ಆಮೇಲೆ ಕರೆ ಫೋನಿಗೆ ಇಳಿಯಿತು. ಆಮೇಲೆ ಅದೂ ನಿಂತಿತು. ಊರಿನವರಿಗೆಲ್ಲ ಶುಭಾಶಯ ಬರೆದುಕೊಟ್ಟ ನಾವು ಅತ್ತೆಗೆ ಒಂದು ಸಾಲನ್ನೂ ಬರೆಯಲಿಲ್ಲ. ನ್ಯಾಮತಿಯ ಪತ್ರ ಬಂದಾಗ ಕೈ ಓಡದಿರಲು ಕಾರಣ ಇದೇ.

ಆ ವಾರವೇ ಜಗಳೂರಿಗೆ ಹೋದೆವು. ಎಂಬತ್ತು ದಾಟಿದ ಅತ್ತೆಯನ್ನು ಹುಟ್ಟಿದ ದಿನ ಯಾವುದೆಂದು ಕೇಳಿದೆವು. ಆಧಾರ್ ಚೀಟಿಯಲ್ಲಿ ಜೂನ್ 1 ಎಂದಿದೆ. ಎರಡು ವರ್ಷ ಶಾಲೆಗೆ ಹೋದಾಗ ಮೇಷ್ಟರು ಬರೆದುಕೊಂಡ ದಿನವದು. ಆ ಕಾಲದ ಮಕ್ಕಳಲ್ಲಿ ಅನೇಕರು ಜೂನ್ 1ರಂದೇ ಹುಟ್ಟಿದವರು! ಅತ್ತೆ ನಕ್ಕರು. “ಸೀಗೆ ಹುಣ್ಣಿಮೆ ದಿನ ನಮ್ಮವ್ವ ಹೊಲದಾಗೆ ಚರಗ ಚೆಲ್ಲಿ ಬಂದು ನನ್ನ ಹಡೆದ್ಲಂತೆ. ಅದನ್ನ ಯಾರು ಕೇಳ್ತಾರಪ್ಪ?” ಎಂದರು. ಭೂಮಿತಾಯಿಗೆ ಬಸುರಿಯ ಬಯಕೆ ತೀರಿಸುವ ಹಬ್ಬದ ದಿನ ಹುಟ್ಟಿದವರಿಗೆ ಒಮ್ಮೆಯೂ ಹುಟ್ಟುಹಬ್ಬವಾಗಿರಲಿಲ್ಲ.

ಈ ವರ್ಷದ ಸೀಗೆ ಹುಣ್ಣಿಮೆಗೆ ಒಂದು ಹಾಳೆಯನ್ನು ಬರೆದುಕೊಂಡು ಮತ್ತೆ ಹೋದೆವು. ಮೊದಲ ಸಾಲಿನಲ್ಲಿ ಅವರ ಹೆಸರು. ಅನಂತರ ರೊಟ್ಟಿಯ ಗಂಟು, ಮೂಲೆಯ ರೂಪಾಯಿ. ಅನಂತರ ಆ ಪತ್ರದ ಕರಡನ್ನು ಬರೆದ ಕೈ ನಮ್ಮದೆಂಬುದು, ನೀವು ಕೇಳಿದ ಒಂದು ಮಾತನ್ನೂ ನಾವು ನಡೆಸಲಿಲ್ಲವೆಂಬುದು. ಆ ಹೊಲಗಳು ಹಂಚಿಹೋಗಿ ಮಾರಾಟವೂ ಆಗಿವೆ. ಹಿಂದಿರುಗಿಸುವ ಶಕ್ತಿ ನಮಗಿಲ್ಲ. ಬರುವ ಪಂಚಮಿಗೆ ಕರೆಯಲು ನಾವೇ ಬರುತ್ತೇವೆ ಎಂದು ಕೊನೆಯ ಸಾಲು. ಅಲಂಕಾರ, ಪ್ರಾಸ ಯಾವುದೂ ಇರಲಿಲ್ಲ. ಓದಿ ಮುಗಿಸಿದಾಗ ಅತ್ತೆ ಬಹಳ ಹೊತ್ತು ಸುಮ್ಮನಿದ್ದರು. ಬಳಿಕ, “ಮೊದಲನೇ ಸಾಲು ಇನ್ನೊಮ್ಮೆ ಓದಪ್ಪ” ಎಂದರು.

ಮಗಳೆ, ನೀನು ಕೇಳಿದ ನಾಲ್ಕು ಸಾಲುಗಳನ್ನು ನಾವು ಬರೆದುಕೊಡುವುದಿಲ್ಲ. ನಮಗೆ ನಿನ್ನ ಅತ್ತೆ ಗೊತ್ತಿಲ್ಲ, ನಿನಗೆ ಗೊತ್ತು. ಬರೆಯುವ ಕ್ರಮವನ್ನಷ್ಟೇ ಹೇಳುತ್ತೇವೆ. ಮೊದಲು ಅವರ ಹೆಸರನ್ನು ಪೂರ್ತಿಯಾಗಿ ಬರೆ. ‘ಮಮತೆಯ ಮೂರ್ತಿ, ತ್ಯಾಗದ ಖನಿ’ ಎಂಬ ಮಾತುಗಳನ್ನು ಬಿಡು. ಅವು ಯಾವ ಅತ್ತೆಗಾದರೂ ಸಲ್ಲುತ್ತವೆ, ಆದ್ದರಿಂದ ಯಾರಿಗೂ ತಲುಪುವುದಿಲ್ಲ. ‘ನನಗೆ ಜ್ವರ ಬಂದ ರಾತ್ರಿ ನೀವು ಚನ್ನಗಿರಿಯಿಂದ ಕೊನೆಯ ಬಸ್ಸಿಗೆ ಬಂದಿರಿ’ ಎಂಬಂತಹ, ನಿಮ್ಮಿಬ್ಬರಿಗೇ ಸೇರಿದ ಒಂದು ಸಂಗತಿಯನ್ನು ಬರೆ. ಕೊಡಬೇಕಾದ ಬಾಕಿ ಏನಾದರೂ ಇದ್ದರೆ ಮುಚ್ಚಿಡಬೇಡ. ಮುಂದೆ ಮಾಡುವುದನ್ನು ಒಂದನ್ನೇ ಹೇಳು, ನಡೆಸುವಂಥದ್ದನ್ನೇ ಹೇಳು. ಮೊಬೈಲಿನಲ್ಲಿ ಕಳುಹಿಸಿದರೂ ತಪ್ಪಿಲ್ಲ; ಆದರೆ ನ್ಯಾಮತಿಯಿಂದ ಚನ್ನಗಿರಿ ದೂರವೇನಲ್ಲ. ಹೋಗಿ, ಕಾಲಿಗೆರಗಿ, ಪಕ್ಕದಲ್ಲಿ ಕುಳಿತು ಓದು.

ಮನೆಯ ಗಂಡುಮಕ್ಕಳಿಗೂ ಒಂದು ಮಾತು. ಅತ್ತೆಗೆ ಹೂವಿನ ಚಿತ್ರದ ಶುಭಾಶಯ ಕಳುಹಿಸಿದ ಕೈಯಿಂದಲೇ ಸಹಿಗೆ ಪತ್ರವನ್ನು ಮುಂದಿಡುವ ದಿನ ಬಂದರೆ, ಅದರಲ್ಲಿ ಏನು ಬರೆದಿದೆ, ಅವರ ಪಾಲು ಎಷ್ಟು ಎಂಬುದನ್ನು ಮೊದಲು ಬಿಡಿಸಿ ಹೇಳಿರಿ. ನಾವು ಅಂದು ಹೇಳಲಿಲ್ಲ.