ನಮ್ಮ ಮನೆಯ ವಿಚಾರ, ನಮ್ಮ ದೇಶದ ವಿಚಾರ

‘ಇದು ನಮ್ಮ ಮನೆಯ ವಿಚಾರ, ಕೇಳಲು ನೀವು ಯಾರು?’ ಹೊಡೆತ ತಿಂದವಳ ಪರವಾಗಿ ಹೋದವರಲ್ಲಿ ಈ ಮಾತು ಕೇಳದವರು ಯಾರಿದ್ದಾರೆ? ಸರ್ಕಾರಗಳೂ ಇದನ್ನೇ ಹೇಳುತ್ತವೆ. ಅಲ್ಲಿ ಅದರ ಹೆಸರು ಸಾರ್ವಭೌಮತ್ವ. ರಾಜ್ಯಶಾಸ್ತ್ರದ ತರಗತಿಗಳಲ್ಲಿ ವರ್ಷಗಟ್ಟಲೆ ನಾನು ಪಾಠ ಮಾಡಿದ್ದು ಇದನ್ನೇ, ಬೊದಾನನಿಂದ ಆಸ್ಟಿನ್‌ವರೆಗೆ. (ಆ ಪಟ್ಟಿಯಲ್ಲಿ ಒಬ್ಬ ಹೆಂಗಸಿನ ಹೆಸರೂ ಇರಲಿಲ್ಲವೆನ್ನಿ.)

ನಿವೃತ್ತಿಯ ಬಿಡುವಿನಲ್ಲಿ ಬ್ರಿಟನ್ನಿನ ಕಾನೂನು ವಿದ್ವಾಂಸೆ ಕ್ರಿಸ್ಟೀನ್ ಚಿಂಕಿನ್ ಅವರ ಬರಹಗಳನ್ನು ಹುಡುಕಿ ಓದುತ್ತಿದ್ದೇನೆ. ಹಿಲರಿ ಚಾರ್ಲ್ಸ್‌ವರ್ತ್, ಶೆಲ್ಲಿ ರೈಟ್ ಜೊತೆಗೂಡಿ 1991ರಲ್ಲಿ ಅವರು ಬರೆದ ಲೇಖನದ ವಾದ ಸರಳ: ಅಂತರರಾಷ್ಟ್ರೀಯ ಕಾನೂನು ಕೂಡ ಬದುಕನ್ನು ಮನೆಯೊಳಗು, ಮನೆಹೊರಗು ಎಂದು ಸೀಳಿದೆ. ಅಧಿಕಾರಿಯ ಕೈಯಿಂದ ನಡೆದರೆ ಚಿತ್ರಹಿಂಸೆ, ಗಂಡನ ಕೈಯಿಂದ ನಡೆದರೆ ಸಂಸಾರದ ಜಗಳ.

ಪೊಲೀಸರಿಲ್ಲದ, ಜೈಲಿಲ್ಲದ ಅಂತರರಾಷ್ಟ್ರೀಯ ಆಯೋಗಗಳಿಂದ ಏನು ಪ್ರಯೋಜನ ಎನ್ನುವವರು ಬ್ರೆಜಿಲ್‌ನ ಮರಿಯಾ ದ ಪೆನ್ಹಾ ಅವರ ಪ್ರಕರಣ ನೋಡಬೇಕು. 1983ರಲ್ಲಿ ಮಲಗಿದ್ದ ಅವರಿಗೆ ಗಂಡ ಗುಂಡು ಹೊಡೆದ. ಕಾಲುಗಳ ಸ್ವಾಧೀನ ಹೋಯಿತು. ಆಸ್ಪತ್ರೆಯಿಂದ ಮನೆಗೆ ಬಂದ ಮೇಲೆ ಸ್ನಾನದ ವೇಳೆ ಕರೆಂಟು ಹಾಯಿಸಿ ಕೊಲ್ಲಲು ನೋಡಿದ. ಕೋರ್ಟು ಎರಡು ಸಲ ಶಿಕ್ಷೆ ವಿಧಿಸಿದರೂ ಅಪೀಲುಗಳ ಮರೆಯಲ್ಲಿ ಹೊರಗೇ ಇದ್ದ. 1998ರಲ್ಲಿ ಅವರು ಎರಡು ಸಂಘಟನೆಗಳ ನೆರವಿನಿಂದ ಅಮೆರಿಕ ಖಂಡದ ರಾಷ್ಟ್ರಗಳ ಮಾನವ ಹಕ್ಕುಗಳ ಆಯೋಗಕ್ಕೆ ದೂರು ಕೊಟ್ಟರು. ಬ್ರೆಜಿಲ್ ಸರ್ಕಾರ ಉತ್ತರವನ್ನೇ ಕೊಡಲಿಲ್ಲ! 15 ವರ್ಷಕ್ಕೂ ಮಿಕ್ಕಿ ನ್ಯಾಯ ಎಳೆದಾಡಿದ ಸರ್ಕಾರವೇ ಹೊಣೆ ಎಂದು 2001ರಲ್ಲಿ ಆಯೋಗ ಹೇಳಿತು. 2002ರಲ್ಲಿ ಗಂಡನ ಬಂಧನವಾಯಿತು, 2006ರಲ್ಲಿ ಅವರ ಹೆಸರಿನಲ್ಲೇ ಕಾಯಿದೆ ಬಂತು.

ಬಲಾಢ್ಯ ದೇಶಗಳು ಮಾನವ ಹಕ್ಕುಗಳ ನೆಪದಲ್ಲಿ ಬಡದೇಶಗಳ ಮೇಲೆ ಎರಗುವುದಿಲ್ಲವೇ ಎಂಬ ಆತಂಕ ನನಗೂ ಇದೆ. ಚಿಂಕಿನ್ ಅವರೂ 1999ರ ಕೊಸೊವೊ ಯುದ್ಧವನ್ನು ಪ್ರಶ್ನಿಸಿ ಬರೆದವರೇ. ಆದರೆ ಬಾಂಬು ಬೇರೆ, ಒಬ್ಬ ಹೆಂಗಸಿನ ದೂರಿನ ಕಾಗದ ಬೇರೆ.

ಮಹಿಳೆಯರ ವಿರುದ್ಧದ ತಾರತಮ್ಯ ನಿವಾರಣೆಯ ಒಪ್ಪಂದವನ್ನು ಭಾರತ 1993ರಲ್ಲಿ ಅನುಮೋದಿಸಿತು. ಆದರೆ ಯಾವುದೇ ಸಮುದಾಯದ ವೈಯಕ್ತಿಕ ವಿಷಯಗಳಲ್ಲಿ ಅದರ ಒಪ್ಪಿಗೆಯಿಲ್ಲದೆ ಕೈಹಾಕುವುದಿಲ್ಲ ಎಂಬ ಘೋಷಣೆಯನ್ನೂ ಸೇರಿಸಿತು. ಸಮುದಾಯದ ಒಪ್ಪಿಗೆ ಎಂದರೆ ಯಾರ ಒಪ್ಪಿಗೆ? ಸೊಸೆಯದೋ, ಮಾವನದೋ? ವಿಶ್ವಸಂಸ್ಥೆಯ ಸಮಿತಿಗೆ ಮಹಿಳೆಯೇ ದೂರು ಕೊಡಲು ದಾರಿ ಮಾಡಿದ 1999ರ ಐಚ್ಛಿಕ ಪ್ರೋಟೋಕಾಲನ್ನು ಬಾಂಗ್ಲಾದೇಶ, ಶ್ರೀಲಂಕಾ, ನೇಪಾಳಗಳು ಒಪ್ಪಿವೆ. ನಾವು ಒಪ್ಪಿಲ್ಲ. ತನ್ನ ದೇಶದ ಕೋರ್ಟುಗಳಲ್ಲಿ ದಾರಿ ಮುಗಿದ ಮೇಲೆ ಢಾಕಾದ ಹೆಂಗಸು ಆ ಕಾಗದ ಕಳಿಸಬಹುದು, ಧಾರವಾಡದವಳು ಕಳಿಸುವಂತಿಲ್ಲ.