ನಂಜಿನ ಗಳಿಗೆ

ಒಂದು ಲೋಕವಿದೆ ಎಂದುಕೊಳ್ಳಿ. ಅಲ್ಲಿ ಕಾಲಕ್ಕೇ ಆಗಾಗ ನಂಜೇರುತ್ತದೆ. ಆ ಗಳಿಗೆಯಲ್ಲಿ ಬಸುರಿ ಹೆಂಗಸು ಈಳಿಗೆ ಮುಟ್ಟಿದರೆ ಹೊಟ್ಟೆಯಲ್ಲಿರುವ ಕೂಸಿನ ತುಟಿ ಸೀಳುತ್ತದೆ. ಒಲೆಯ ಮೇಲಿನ ಸಾರು ವಿಷವಾಗುತ್ತದೆ. ತಾಟಿನ ನೀರಿನಲ್ಲಿಟ್ಟ ಒನಕೆ ಯಾರೂ ಹಿಡಿಯದೆ ನೆಟ್ಟಗೆ ನಿಲ್ಲುತ್ತದೆ. ರುಂಡವೊಂದೇ ಉಳಿದ ರಾಕ್ಷಸ ಸೂರ್ಯನನ್ನು ನುಂಗುತ್ತಾನೆ. ಕತ್ತಿನ ಕೆಳಗೆ ಹೊಟ್ಟೆಯೇ ಇಲ್ಲವಾದ್ದರಿಂದ ನುಂಗಿದ್ದು ಮತ್ತೆ ಹೊರಗೆ ಬರುತ್ತದೆ.

ಹುಡುಗರು ಇದನ್ನು ಯಾವುದೋ ಮಾಯಾಲೋಕದ ಕಾದಂಬರಿ ಎಂದುಕೊಂಡಾರು. ಅಜ್ಜಿ ಮಾತ್ರ ಕೂಡಲೇ ಗುರುತು ಹಿಡಿಯುತ್ತಾಳೆ: ಇದು ಗ್ರಹಣ.

ಕಾಗವಾಡ ತಾಲೂಕಿನ ಜುಗೂಳ ಕೃಷ್ಣೆಯ ದಂಡೆಯ ಊರು. ಆಚೆ ದಂಡೆಯ ಖಿದ್ರಾಪುರ ಮಹಾರಾಷ್ಟ್ರಕ್ಕೆ ಸೇರಿದ್ದು. ಅಲ್ಲಿನ ಕೋಪೇಶ್ವರ ದೇವಾಲಯದ ಸ್ವರ್ಗಮಂಟಪಕ್ಕೆ ನಡುವೆ ಮಾಡಿಲ್ಲ. ದುಂಡನೆಯ ಬಯಲು, ಮೇಲೆ ಆಕಾಶ. ನಡುವೆ ರಾಜ್ಯದ ಗಡಿ ಹಾದಿದ್ದರೂ ಗ್ರಹಣದ ಕಾಯಿದೆ ಎರಡೂ ದಂಡೆಗೆ ಒಂದೇ. ವೇಧ ಹಿಡಿಯುವ ಮೊದಲೇ ಉಣ್ಣಬೇಕು, ನೀರಿನ ಕೊಡಕ್ಕೆ ತುಳಸಿ ಎಲೆ ಹಾಕಬೇಕು, ಬಿಟ್ಟ ಮೇಲೆ ಹೊಳೆಯಲ್ಲಿ ಮುಳುಗಬೇಕು.

ಈ ದಂಡೆಗಳ ಮೇಲೆ ಹಗಲು ನಿಜಕ್ಕೂ ಮಾಯವಾದ ದಿನವೊಂದಿದೆ. 1868ರ ಆಗಸ್ಟ್ 18. ಅಂದಿನ ಖಗ್ರಾಸ ಸೂರ್ಯಗ್ರಹಣದ ನೆರಳು ಏಡನ್ ಕಡೆಯಿಂದ ಅರಬ್ಬೀ ಸಮುದ್ರ ದಾಟಿ, ಇದೇ ಸೀಮೆಯ ಮೇಲೆ ಹಾದು, ವಿಜಾಪುರ, ಗುಂಟೂರು, ಮಚಲಿಪಟ್ಟಣದ ಕಡೆಗೆ ಓಡಿತು. ಹೊತ್ತೇರುವ ಸಮಯದಲ್ಲಿ ಸುಮಾರು ಐದು ನಿಮಿಷ ಕತ್ತಲು. ಒಲೆ ಆರಿಸಿ ಕದ ಮುಚ್ಚಿಕೊಂಡವರು ಎಷ್ಟು ಮಂದಿಯೋ! ಆದರೆ ಜುಗೂಳದಿಂದ ಪೂರ್ವಕ್ಕೆ ಸುಮಾರು 65 ಕಿಲೋಮೀಟರ್ ದೂರದ ಜಮಖಂಡಿಯಲ್ಲಿ ಒಬ್ಬಾತ ಬಯಲಿನಲ್ಲಿ ದೂರದರ್ಶಕ ಹೂಡಿ ಕಾದಿದ್ದ. ಆತ ಜಾನ್ ಹರ್ಷೆಲ್. 1781ರಲ್ಲಿ ಯುರೇನಸ್ ಗ್ರಹವನ್ನು ಕಂಡ ವಿಲಿಯಂ ಹರ್ಷೆಲನ ಮೊಮ್ಮಗ.

ಮಳೆಗಾಲದ ಮೋಡ ಆತನನ್ನು ಚೆನ್ನಾಗಿಯೇ ಕಾಡಿತು. ಮೋಡ ಸರಿದ ಸ್ವಲ್ಪ ಹೊತ್ತಿನಲ್ಲೇ, ಮುಚ್ಚಿದ ಸೂರ್ಯನ ಅಂಚಿನಿಂದ ಚಾಚಿದ ಜ್ವಾಲೆಯ ಬೆಳಕನ್ನು ರೋಹಿತದರ್ಶಕದಲ್ಲಿ ಒಡೆದು ನೋಡಿದ. ಕೆಂಪು, ಕಿತ್ತಳೆ, ನೀಲಿ ಹೊಳೆವ ಗೆರೆಗಳು ಕಂಡವು. ಹೊಳೆವ ಗೆರೆ ಎಂದರೆ ಅದು ಕಾದ ಅನಿಲದ ಸಹಿ. ಸೂರ್ಯನ ಆ ಜ್ವಾಲೆಗಳು ಅನಿಲವೆಂಬುದು ಅಂದು ಖಚಿತವಾಯಿತು. ಗುಂಟೂರಿನಲ್ಲಿದ್ದ ಫ್ರಾನ್ಸಿನ ಜಾನ್ಸೆನ್ ಇನ್ನೂ ಮುಂದೆ ಹೋಗಿ, ಮರುದಿನ ಗ್ರಹಣವಿಲ್ಲದೆಯೇ ಅವನ್ನು ನೋಡುವ ದಾರಿ ಕಂಡುಕೊಂಡ. ಹಳದಿ ಬದಿಯ ಗೆರೆಯನ್ನು ಹಲವರು ಸೋಡಿಯಂನದೆಂದು ಬಗೆದಿದ್ದರು. ಅದು ಅಲ್ಲವೆಂದು ತೋರಿಸಿದವರಲ್ಲಿ ಇಂಗ್ಲೆಂಡಿನ ಲಾಕ್ಯರ್ ಮುಖ್ಯ. ಭೂಮಿಯ ಮೇಲೆ ಯಾರೂ ಕಾಣದ ಆ ಧಾತುವಿಗೆ ಗ್ರೀಕರ ಸೂರ್ಯನ ಹೆಸರಿನಿಂದ ಹೀಲಿಯಂ ಎಂದು ಹೆಸರಾಯಿತು. 1895ರಲ್ಲಿ ರ‍್ಯಾಮ್ಸೆ ಅದನ್ನು ಭೂಮಿಯ ಖನಿಜದಲ್ಲೂ ಹಿಡಿದ. ಮೀರಜಿಗೆ ಎಂ.ಆರ್.ಐ. ಮಾಡಿಸಲು ಹೋಗುವವರಿಗೆ ತಿಳಿದಿರಲಿ: ಬಹುಪಾಲು ಆ ಯಂತ್ರಗಳ ಅಯಸ್ಕಾಂತವನ್ನು ತಂಪಾಗಿಡುವುದು ದ್ರವರೂಪದ ಹೀಲಿಯಂ.

ಅದೇ ಗ್ರಹಣಕ್ಕೆ ಇನ್ನೊಂದು ಕಥೆಯಿದೆ, ಅದನ್ನು ಮುಚ್ಚಿಡುವುದು ಸರಿಯಲ್ಲ. ಇಂದು ಥಾಯ್ಲೆಂಡ್ ಎನಿಸಿರುವ ಸಯಾಮಿನ ದೊರೆ ಮೋಂಗ್‌ಕುಟ್ ಸ್ವತಃ ಗಣಿತ ಹಾಕಿ ಗ್ರಹಣದ ಹೊತ್ತನ್ನು ಮೊದಲೇ ಸಾರಿದ್ದ. ಆಸ್ಥಾನದ ಜೋಯಿಸರು ನಂಬಲಿಲ್ಲ. ದೊರೆ ಪರಿವಾರದೊಡನೆ ಕಡಲತೀರದ ಕಾಡಿಗೆ ಹೋಗಿ, ಲೆಕ್ಕ ನಿಜವಾದದ್ದನ್ನು ಕಣ್ಣಾರೆ ನೋಡಿದ. ಮರಳುವಾಗ ಜ್ವರ ಹಿಡಿಯಿತು. ಅಕ್ಟೋಬರ್ 1ರಂದು ತೀರಿಕೊಂಡ. ‘ನೋಡಿದಿರಾ, ಗ್ರಹಣ ಬಿಡಲಿಲ್ಲ’ ಎನ್ನುವವರು ಇದ್ದೇ ಇರುತ್ತಾರೆ. ಆತನನ್ನು ಕೊಂದದ್ದು ಮಲೇರಿಯಾ. ರಾಹುವಿಗೆ ಹೆದರಿ ಮನೆಯಲ್ಲಿ ಕೂತಿದ್ದರೆ ದೊರೆ ಬದುಕುತ್ತಿದ್ದನೇನೋ, ಆದರೆ ಅದು ರಾಹುವಿನ ಕೃಪೆಯಾಗುತ್ತಿರಲಿಲ್ಲ. ಆ ಕಾಡಿನ ಸೊಳ್ಳೆ ಕಚ್ಚುತ್ತಿರಲಿಲ್ಲ, ಅಷ್ಟೇ.

1980ರ ಫೆಬ್ರುವರಿ 16ರ ಶನಿವಾರ ಅಂಕೋಲೆ, ಹುಬ್ಬಳ್ಳಿ, ರಾಯಚೂರಿನ ಸಾಲಿನಲ್ಲಿ ಮತ್ತೆ ಹಗಲು ಕತ್ತಲಾಯಿತು. ಜುಗೂಳ ಆ ಪಟ್ಟಿಯ ಹೊರಗೆ ಉಳಿಯಿತು. ಅಂದು ಬೀದಿಗಳು ಬಿಕೋ ಎನ್ನುತ್ತಿದ್ದವು. ಜನ್ಮದಲ್ಲಿ ಒಮ್ಮೆ ಸಿಗುವ ನೋಟ, ಕಿಟಕಿ ಮುಚ್ಚಿಕೊಂಡು ಕಳೆದುಹೋಯಿತು.

ನೋಟ ತಪ್ಪಿದರೆ ಹೋಗಲಿ. 2019ರ ಡಿಸೆಂಬರ್ 26ರ ಕಂಕಣ ಗ್ರಹಣದಂದು ಕಲಬುರಗಿ ಬಳಿಯ ತಾಜಸುಲ್ತಾನಪುರದಲ್ಲಿ ನಡೆದದ್ದು ಹಾಗಲ್ಲ. ಅಂಗವೈಕಲ್ಯವಿದ್ದ ಮಕ್ಕಳನ್ನು ಗುಂಡಿಯಲ್ಲಿ ಕತ್ತಿನವರೆಗೆ ಹೂತು ನಿಲ್ಲಿಸಿದರು, ಗ್ರಹಣದ ಹೊತ್ತಿನಲ್ಲಿ ಹೂತರೆ ವಾಸಿಯಾಗುತ್ತದೆಂದು. ಮಕ್ಕಳು ಅಳುತ್ತಿದ್ದರು. ಹೂತವರು ವೈರಿಗಳಲ್ಲ, ಹೆತ್ತವರು. ಎಲ್ಲ ಚಿಕಿತ್ಸೆಯೂ ಕೈಬಿಟ್ಟ ಮೇಲೆ ನಂಜಿನ ಗಳಿಗೆಯೇ ಮದ್ದಿನ ಗಳಿಗೆಯಾಗಿ ಕಂಡಿತು. ಅವರನ್ನು ಬೈಯುವುದು ಸುಲಭ.

ಇನ್ನು ಒನಕೆಯ ವಿಚಾರ. ಕೆಳತುದಿ ಸಮವಾಗಿರುವ ಒನಕೆ ಗ್ರಹಣವಿಲ್ಲದ ದಿನವೂ ನಿಲ್ಲುತ್ತದೆ. ಹುಡುಗರು ನಾಳೆಯೇ ನಿಲ್ಲಿಸಿ ನೋಡಬಹುದು. ಸೀಳುತುಟಿ ಉಂಟಾಗುವುದು ಬಸಿರಿನ ಮೊದಲ ಮೂರು ತಿಂಗಳೊಳಗೆ. ಅದಕ್ಕೆ ವಂಶದ ಕಾರಣವಿದೆ, ಫೋಲಿಕ್ ಆಮ್ಲದ ಕೊರತೆಯ ಪಾತ್ರವಿದೆ, ತಂಬಾಕಿನ ಹೊಗೆಯೂ ಇದೆ. ಈಳಿಗೆಗೆ ಅದರಲ್ಲಿ ಪಾಲಿಲ್ಲ. ಬಸುರಿಯನ್ನು ದಿನವಿಡೀ ಉಪವಾಸ ಕೂರಿಸುವುದೇ ಹೆಚ್ಚಿನ ಕೇಡು.

ಹಾಗಾದರೆ ಗ್ರಹಣದಲ್ಲಿ ಅಪಾಯವೇ ಇಲ್ಲವೆ? ಇದೆ, ಕಣ್ಣಿಗೆ. ಅರೆಬರೆ ಮುಚ್ಚಿದ ಸೂರ್ಯನನ್ನು ಬರಿಗಣ್ಣಿನಿಂದ ದಿಟ್ಟಿಸಿದರೆ ಅಕ್ಷಿಪಟಲ ಸುಡುತ್ತದೆ. ಅಕ್ಷಿಪಟಲಕ್ಕೆ ನೋವು ತಿಳಿಯದು. ಸುಟ್ಟದ್ದು ಗೊತ್ತಾಗುವುದು ಆಮೇಲೆ. ಮಸಿ ಹಿಡಿಸಿದ ಗಾಜು, ಹಳೆಯ ಎಕ್ಸ್-ರೇ ಹಾಳೆ, ಸಗಣಿ ನೀರಿನ ಬೋಗುಣಿ ಇವು ಯಾವುವೂ ಸಾಲವು. ಗ್ರಹಣಕ್ಕೆಂದೇ ಮಾಡಿದ ಕನ್ನಡಕ ಬೇಕು, ಇಲ್ಲವೆ 14ನೇ ನಂಬರಿನ ವೆಲ್ಡಿಂಗ್ ಗಾಜು. ಎರಡೂ ಇಲ್ಲದಿದ್ದರೆ ಸೂರ್ಯನಿಗೆ ಬೆನ್ನು ಹಾಕಿ ನಿಂತು, ರಟ್ಟಿಗೆ ಸೂಜಿಯಿಂದ ತೂತು ಮಾಡಿ ಬೆಳಕನ್ನು ಬಿಳಿ ಹಾಳೆಯ ಮೇಲೆ ಬೀಳಿಸಬೇಕು. ಬೇವಿನ ಮರದ ಕೆಳಗೆ ಅದೂ ಬೇಡ: ಎಲೆಗಳ ಸಂದಿಯಿಂದ ಇಳಿದ ಬಿಸಿಲೇ ನೆಲದ ತುಂಬ ಸಣ್ಣ ಸಣ್ಣ ಸೂರ್ಯರನ್ನು ಬರೆದಿರುತ್ತದೆ, ಒಂದೊಂದೂ ಕಚ್ಚಿ ಬಿಟ್ಟ ಭಕ್ಕರಿಯ ಹಾಗೆ.

2027ರ ಆಗಸ್ಟ್ 2ರಂದು ಈ ಭಾಗಕ್ಕೆ ಪಾರ್ಶ್ವ ಸೂರ್ಯಗ್ರಹಣವಿದೆ, ಮಧ್ಯಾಹ್ನ ಇಳಿದ ಮೇಲೆ. ಮೋಡವಿದ್ದರೆ ಹರ್ಷೆಲನಂತೆ ಕಾಯಬೇಕು. ಅಂದು ಸೋಮವಾರ, ಶಾಲೆಯ ದಿನ. ಹುಡುಗರನ್ನು ಮನೆಯಲ್ಲಿ ಉಳಿಸಿಕೊಳ್ಳಬೇಕೋ, ಕೈಗೆ ರಟ್ಟು ಸೂಜಿ ಕೊಟ್ಟು ಕಳಿಸಬೇಕೋ ಎಂಬುದನ್ನು ತಂದೆತಾಯಂದಿರು ಅಷ್ಟರೊಳಗೆ ಮಾತಾಡಿಕೊಳ್ಳಬಹುದು.