ಬಾರದ ಹಣಕ್ಕೆ ಹೊಣೆ ಯಾರು?

ಸಂಜೆಯ ನೂಕುನುಗ್ಗಲಿನಲ್ಲಿ ಗಿರಾಕಿ ಮೊಬೈಲಿನ ಪರದೆ ತೋರಿಸುತ್ತಾನೆ. ಹಸಿರು ಗುರುತು, ಅಂಗಡಿಯ ಹೆಸರು, ಮೊತ್ತ ಎಲ್ಲವೂ ಇದೆ. ಹಣ ಮಾತ್ರ ಬಂದಿಲ್ಲ! ಫೋನ್‌ಪೇ, ಪೇಟಿಎಂಗಳ ವೇಷ ಹಾಕಿದ ಖೋಟಾ ಆ್ಯಪು ಬ್ಯಾಂಕನ್ನು ಮುಟ್ಟುವುದೇ ಇಲ್ಲ. ಒತ್ತಿದ ಅಂಕಿಯನ್ನು ಚಿತ್ರವಾಗಿ ತೋರಿಸುತ್ತದೆ, ಅಷ್ಟೆ. ಇಂಥ ಒಬ್ಬ ಕಳ್ಳನ ದೆಸೆಯಿಂದ ಗಿರಣಿ ಕೂಲಿಗಾರನ ನಿಜವಾದ ಹಣವನ್ನೂ ಅಂಗಡಿಯವನು ಸಂಶಯದಿಂದ ನೋಡುವಂತಾಗಿದೆ.

‘ವ್ಯಾಪಾರಿಯೇ ಎಚ್ಚರವಾಗಿರಲಿ’ ಎಂದು ದೊಡ್ಡವರು ಉಪದೇಶಿಸುತ್ತಾರೆ. ನಾವು ಕೇಳುತ್ತೇವೆ: 2016ರಲ್ಲಿ ಯುಪಿಐ ತಂದು, ಅದೇ ವರ್ಷ ನೋಟು ರದ್ದುಮಾಡಿ, ನಮ್ಮನ್ನು ಈ ದಾರಿಗೆ ತಳ್ಳಿದವರು ಯಾರು? 2025ರ ಜುಲೈನಲ್ಲಿ ಕರ್ನಾಟಕದ ಸಣ್ಣ ವ್ಯಾಪಾರಿಗಳಿಗೆ ಯುಪಿಐ ಲೆಕ್ಕ ಹಿಡಿದು ತೆರಿಗೆಯ ನೋಟೀಸುಗಳು ಬಂದವು. ಬಂದ ಕಾಸನ್ನು ಎಣಿಸಬಲ್ಲ ಸರ್ಕಾರಕ್ಕೆ ಬಾರದ ಕಾಸಿನ ಮೋಸ ಮಾತ್ರ ಕಾಣದೆ? ಹಣ ಬಂತೆಂದು ಸಾರುವ ಧ್ವನಿಪೆಟ್ಟಿಗೆಗೂ ಎಷ್ಟೋ ಅಂಗಡಿಯವರು ತಿಂಗಳ ಬಾಡಿಗೆ ತೆರಬೇಕು!

ಆ ಪೆಟ್ಟಿಗೆ ಬಾಡಿಗೆಯಿಲ್ಲದೆ ಸಿಗಲಿ. ಖೋಟಾ ಆ್ಯಪು ಮಾಡಿ ಹಂಚುವವರನ್ನು ಹಿಡಿಯಲಿ. ಇದು ನಮ್ಮ ಒತ್ತಾಯ.

ಅಲ್ಲಿಯವರೆಗೆ, ಬಾಂಧವರೇ, ಗಿರಾಕಿಯ ಪರದೆಯನ್ನಲ್ಲ, ನಿಮ್ಮ ಖಾತೆಯನ್ನು ನೋಡಿ. ಹಣ ಪಡೆಯಲು ಪಿನ್ ಬೇಕಿಲ್ಲ, ಒತ್ತಲೇಬೇಡಿ. ಮೋಸಹೋದರೆ ಕೂಡಲೇ 1930ಕ್ಕೆ ಕರೆಮಾಡಿ. ನಾಚಿ ಸುಮ್ಮನಿರಬೇಡಿ, ನಾಚಬೇಕಾದವರು ಬೇರೆ ಇದ್ದಾರೆ.